ಕೊಡಗಿನ ಕಾಡಂಚಿನ ಜಮೀನು, ಅರಣ್ಯ ಇಲಾಖೆ ನೋಟಿಸು, ಕೋರ್ಟು ಕಚೇರಿ: ಪದೇ ಪದೇ ಕೇಳುವ ಪ್ರಶ್ನೆಗಳು

ಕೊಡಗಲ್ಲಿ ಜಮೀನಿನ ಮಾತು ಎತ್ತಿದ್ರೆ ಸಾಕು, ಜಮ್ಮಾ (ವಂಶಪಾರಂಪರ್ಯವಾಗಿ ಬಂದ ಹಿಡುವಳಿ), ಬಾಣೆ, ಸಾಗು, ಪೈಸಾರಿ (ಸರ್ಕಾರಿ ಜಮೀನು), ಊರುಡುವೆ (ಊರಿನ ಸಾಮೂಹಿಕ ಜಾಗ), ದೇವರಕಾಡು, ಸಿ ಅಂಡ್ ಡಿ, ಸೆಕ್ಷನ್ ನಾಲ್ಕು, ಡೀಮ್ಡ್ ಫಾರೆಸ್ಟು ಅಂತ ಒಂದೊಂದೇ ಹೆಸರು ಬರ್ತಾ ಹೋಗ್ತದೆ. ನೋಟಿಸು ಬಂದ ದಿನ ಎಲ್ರೂ ಹೇಳೋದು ಒಂದೇ ಮಾತು, "ನಮ್ಮಜ್ಜನ ಕಾಲದಿಂದ ಮಾಡ್ಕೊಂಡು ಬಂದಿದ್ದೇವೆ". ಅದು ಸುಳ್ಳಲ್ಲ, ಆದ್ರೆ ಅಷ್ಟೇ ಹೇಳಿದ್ರೆ ಸಾಲೋದಿಲ್ಲ. ಆ ಜಾಗ ದಾಖಲೆಯಲ್ಲಿ ಯಾವ ಹೆಸರಲ್ಲಿದೆ, ಯಾವ ವರ್ಷ ಅದ್ರ ಮೇಲೆ ಯಾವ ಅಧಿಸೂಚನೆ ಬಿತ್ತು, ನೀವು ಅಲ್ಲಿ ಇದ್ದಿದ್ದಕ್ಕೆ ಆ ವರ್ಷಕ್ಕಿಂತ ಹಿಂದಿನ ಗುರುತು ಏನಿದೆ, ಈ ಮೂರರ ಮೇಲೆ ಅರ್ಧ ಕೇಸು ತೀರ್ಮಾನ ಆಗಿಹೋಗ್ತದೆ. ಅದಕ್ಕೇ ಜನ ಮತ್ತೆ ಮತ್ತೆ ಕೇಳೋದನ್ನೆಲ್ಲ ಒಂದ್ಕಡೆ ಬರೆದಿದ್ದೇನೆ. ನಿಮ್ಮ ಕೇಸಿನ ಕಾಗದ ಹಿಡ್ಕೊಂಡು ವಕೀಲರ ಹತ್ರ ಹೋಗೋದು ಇದ್ದೇ ಇದೆ, ಅದಕ್ಕಿಂತ ಮೊದಲು ಇದನ್ನ ಓದ್ಕೊಂಡು ಹೋಗಿ.

ನಾನು ಕಾಫಿ ಹಾಕಿರೋ ಜಾಗ ಅರಣ್ಯವಾ ಕಂದಾಯವಾ ಅಂತ ತಿಳ್ಕೊಳ್ಳೋದು ಹೇಗೆ?

ಮೊದಲು ಪಹಣಿ ತೆಗೀರಿ. ಆದ್ರೆ ಪಹಣಿ ಒಂದನ್ನೇ ನಂಬಬೇಡಿ, ಪಹಣಿಯಲ್ಲಿ "ಪೈಸಾರಿ" ಅಂತ ಇದ್ರೂ ಅದೇ ಸರ್ವೆ ನಂಬರಿನ ಮೇಲೆ ಅರಣ್ಯ ಇಲಾಖೆಯ ಅಧಿಸೂಚನೆ ಕೂತಿರ್ತದೆ, ಇದು ನಮ್ಮಲ್ಲಿ ತುಂಬಾ ಕಡೆ ಇದೆ. ಪಹಣಿ ಜೊತೆ ಆಕಾರಬಂದ್, ಗ್ರಾಮ ನಕ್ಷೆ, ಸರ್ವೆ ಟಿಪ್ಪಣಿ, ಹಳೇ ಜಮಾಬಂದಿ ನಕಲು ಎಲ್ಲ ತೆಗೆಸಿ. ಆಮೇಲೆ ಡಿಸಿಎಫ್ (ಉಪ ಅರಣ್ಯ ಸಂರಕ್ಷಣಾಧಿಕಾರಿ) ಕಚೇರಿಗೆ ಮಾಹಿತಿ ಹಕ್ಕಲ್ಲಿ ಒಂದು ಅರ್ಜಿ ಹಾಕಿ, 10 ರೂಪಾಯಿ ಶುಲ್ಕ, 30 ದಿನದಲ್ಲಿ ಉತ್ತರ ಕೊಡ್ಬೇಕು. ಕೇಳೋದು ನೇರ ಇರ್ಲಿ: ಇಂಥಾ ಗ್ರಾಮ ಇಂಥಾ ಸರ್ವೆ ನಂಬರು ಯಾವ ಅಧಿಸೂಚನೆಯಲ್ಲಿ ಅರಣ್ಯ ಅಂತ ಸೇರಿದೆ, ಅದ್ರ ತಾರೀಕು ನಂಬರು ಏನು, ಅಧಿಸೂಚನೆಯ ಪ್ರತಿ ಮತ್ತು ಅದ್ರ ಗಡಿ ವಿವರ ಕೊಡಿ. ಗಡಿ ವಿವರದಲ್ಲಿ ತೋಡು, ಹೊಳೆ, ಗುಡ್ಡದ ಏಣು, ಗಡಿ ಕಲ್ಲಿನ ನಂಬರು ಎಲ್ಲ ಬರೆದಿರ್ತದೆ, ಜಾಗದಲ್ಲಿ ನಿಂತು ಅದನ್ನ ಓದ್ಕೊಂಡು ನೋಡಿದ್ರೆ ನಿಮಗೇ ಅರ್ಧ ಗೊತ್ತಾಗ್ತದೆ.

ನಮ್ಮದು ಆನೆ ಕಂದಕದಿಂದ ಈಚೆ ಇದೆ, ಹಾಗಾದ್ರೆ ಅರಣ್ಯ ಅಲ್ಲ ಅಲ್ವಾ?

ಅಲ್ಲ ಅಂತ ಹೇಳೋಕಾಗಲ್ಲ. ಕಂದಕ ತೋಡೋದು ಜೆಸಿಬಿ ಹೋಗೋ ದಾರಿ ನೋಡಿ, ಬಂಡೆ ಇದ್ರೆ ಬಳಸಿ ಹೋಗ್ತದೆ, ಜೌಗು ಇದ್ರೆ ಒಳಗೆ ಸರೀತದೆ. ಸೋಲಾರ್ ಬೇಲಿನೂ ಅಷ್ಟೇ, ರೈಲ್ವೆ ಹಳಿ ಬ್ಯಾರಿಕೇಡೂ ಅಷ್ಟೇ. ಅವು ಆನೆ ತಡೆಯೋಕೆ ಮಾಡಿದ್ದು, ಗಡಿ ತೋರಿಸೋಕೆ ಅಲ್ಲ. ಕಂದಕದ ಈಚೆಗೆ ಮೀಸಲು ಅರಣ್ಯ ಉಳ್ಕೊಂಡಿರೋದೂ ಇದೆ, ಕಂದಕದ ಆಚೆಗೆ ಪಟ್ಟೆ ಜಮೀನು ಸಿಕ್ಕಿಹಾಕ್ಕೊಂಡಿರೋದೂ ಇದೆ. ಗಡಿ ಅಂದ್ರೆ ಅಧಿಸೂಚನೆಯಲ್ಲಿರೋ ಗಡಿ, ಅದನ್ನ ನೆಲದ ಮೇಲೆ ತೋರಿಸೋದು ಜಂಟಿ ಸರ್ವೆ.

ಜಂಟಿ ಸರ್ವೆ ದಿನ ದಯವಿಟ್ಟು ಮನೇಲಿ ಕೂರಬೇಡಿ. ಕಂದಾಯದ ಸರ್ವೆಯರ್ ಬರ್ತಾರೆ, ಅರಣ್ಯದಿಂದ ಡಿಆರ್‌ಎಫ್‌ಓ, ಗಾರ್ಡು, ವಾಚರ್ ಬರ್ತಾರೆ, ಎಲ್ಲಿಂದ ಅಳತೆ ಶುರು ಮಾಡ್ತಾರೆ ಅನ್ನೋದೇ ಅಲ್ಲಿ ಮುಖ್ಯ. ಹಳೇ ಗಡಿ ಕಲ್ಲು ಹೂತುಹೋಗಿ ಮೇಲೆ ಲಂಟಾನ ಬೆಳೆದಿರ್ತದೆ, ಅದನ್ನ ಹುಡುಕಿ ತೆಗೆದು ಅಲ್ಲಿಂದ ಅಳೆದ್ರೆ ಒಂದು ಲೆಕ್ಕ, ಸಿಗ್ಲಿಲ್ಲ ಅಂತ ಕಂದಕದಿಂದ ಅಳೆದ್ರೆ ಇನ್ನೊಂದು ಲೆಕ್ಕ. ಯಾವ ಕಲ್ಲಿಂದ ಅಳೆದ್ರು ಅನ್ನೋದನ್ನ ಮಹಜರಿನಲ್ಲಿ ಬರೆಸಿ, ಒಪ್ಪಿಗೆ ಇಲ್ಲದಿದ್ರೆ ಸಹಿ ಹಾಕೋ ಜಾಗದಲ್ಲೇ "ಆಕ್ಷೇಪಣೆ ಇದೆ" ಅಂತ ಕಾರಣ ಸಮೇತ ಬರೆದು ಸಹಿ ಮಾಡಿ. ಖಾಲಿ ಹಾಳೆಗೆ ಸಹಿ ಮಾತ್ರ ಹಾಕಬೇಡಿ.

ಜಮ್ಮಾ ಬಾಣೆನೂ ಕಾಡು ಅಂತ ಇಲಾಖೆ ಹಿಡ್ಕೊಳ್ಳಬಹುದಾ?

ಜಮ್ಮಾ ಬಾಣೆ ಗದ್ದೆಗೆ ಹೊಂದಿಕೊಂಡು ಬಂದ ಜಾಗ. ದನ ಮೇಯಿಸೋಕೆ, ಸೌದೆಗೆ, ಗದ್ದೆಗೆ ಸೊಪ್ಪು ತರೋಕೆ ಅಂತ ಇದ್ದದ್ದು, ಈಗ ಹೆಚ್ಚಿನ ಕಡೆ ಕಾಫಿ ತೋಟ ಆಗಿದೆ. 1899ರ ಕೊಡಗು ಭೂ ಮತ್ತು ಕಂದಾಯ ರೆಗ್ಯುಲೇಷನ್ ಕಾಲದಿಂದಲೂ ಇದಕ್ಕೆ ಬೇರೆಯೇ ಲೆಕ್ಕ. ಬಾಣೆ ಮೇಲೆ ಇರೋದು ಬರೀ ಅನುಭೋಗದ ಹಕ್ಕಾ ಪೂರ್ಣ ಮಾಲೀಕತ್ವವಾ ಅಂತ ವರ್ಷಗಟ್ಟಲೆ ಕೋರ್ಟಲ್ಲಿ ಜಗ್ಗಾಟ ನಡೀತು, ಕೊನೆಗೆ 2011ರ ಭೂಕಂದಾಯ ಕಾಯ್ದೆ ತಿದ್ದುಪಡಿಯಲ್ಲಿ ಕಂದಾಯ ಕಟ್ಟಿಸ್ಕೊಂಡು ಹಿಡುವಳಿದಾರರಿಗೇ ಹಕ್ಕು ಕೊಡೋ ದಾರಿ ಮಾಡಿದ್ರು. ಹಾಗಾಗಿ ಸರಿಯಾದ ಜಮ್ಮಾ ಬಾಣೆಯನ್ನ ಸುಮ್ನೆ ಅರಣ್ಯ ಅಂತ ಹಿಡ್ಕೊಳ್ಳೋಕೆ ಬರೋದಿಲ್ಲ.

ತೊಂದರೆ ಬರೋದು ಎರಡು ಕಡೆ. ಒಂದು, ಪಹಣಿ ಇನ್ನೂ ಅಜ್ಜನೋ ಮುತ್ತಜ್ಜನೋ ಪಟ್ಟೇದಾರ ಅಂತ ಇರ್ತದೆ, ಒಕ್ಕದಲ್ಲಿ (ಒಂದೇ ಮನೆತನದ ದೊಡ್ಡ ಕುಟುಂಬದಲ್ಲಿ) ಇಪ್ಪತ್ತು ಮೂವತ್ತು ಪಾಲುದಾರರು, ನೋಟಿಸು ಬಂದಾಗ ಯಾರು ಉತ್ತರ ಕೊಡೋದು ಅಂತಾನೇ ಗೊತ್ತಾಗಲ್ಲ. ಇನ್ನೊಂದು, ಬಾಣೆಗೆ ಒತ್ತಿಕೊಂಡಿರೋ ಪೈಸಾರಿ ಒಳಗೂ ತೋಟ ಹೋಗಿಬಿಟ್ಟಿರ್ತದೆ, ಎರಡನ್ನೂ ಒಂದೇ ಅಂತ ಅಂದ್ಕೊಂಡಿರ್ತಾರೆ. ರಿಡೀಮ್ ಆಗದ, ಅಂದ್ರೆ ಮರದ ಬೆಲೆ ಸರ್ಕಾರಕ್ಕೆ ಕಟ್ಟಿ ಬಿಡಿಸ್ಕೊಳ್ಳದ ಜಮೀನಿನಲ್ಲಿ ಮರ ಸರ್ಕಾರದ್ದು ಅನ್ನೋದೂ ನೆನಪಿರ್ಲಿ, ಜಮೀನು ನಿಮ್ಮದಾದ್ರೂ ಮರ ನಿಮ್ಮದಲ್ಲ.

ಸೆಕ್ಷನ್ ನಾಲ್ಕು ಅಂದ್ರೇನು, ಹದಿನೇಳು ಅಂದ್ರೇನು?

ಕರ್ನಾಟಕ ಅರಣ್ಯ ಕಾಯ್ದೆ 1963ರಲ್ಲಿ, ಒಂದು ಜಾಗವನ್ನ ಮೀಸಲು ಅರಣ್ಯ ಮಾಡ್ಬೇಕು ಅಂತ ಸರ್ಕಾರ ಹೊರಡಿಸೋ ಮೊದಲ ಅಧಿಸೂಚನೆ ಸೆಕ್ಷನ್ 4. ಆಮೇಲೆ ಅರಣ್ಯ ವ್ಯವಸ್ಥಾಪನಾಧಿಕಾರಿ ಊರಲ್ಲಿ ಪ್ರಕಟಣೆ ಮಾಡಿ, ಇಲ್ಲಿ ಯಾರಿಗೆ ಏನು ಹಕ್ಕಿದೆ ಹೇಳಿ ಅಂತ ಮೂರು ತಿಂಗಳಿಗೆ ಕಡಿಮೆ ಇಲ್ಲದ ಹಾಗೆ ಕಾಲಾವಕಾಶ ಕೊಟ್ಟು ವಿಚಾರಣೆ ಮಾಡ್ಬೇಕು. ಎಲ್ಲ ಮುಗಿದ ಮೇಲೆ ಬರೋ ಅಂತಿಮ ಅಧಿಸೂಚನೆ ಸೆಕ್ಷನ್ 17.

ಈ ಎರಡರ ಮಧ್ಯೆ ಹತ್ತಾರು ವರ್ಷ ಹಾಗೇ ಉಳಿದಿರೋ ಜಾಗ ನಮ್ಮ ಜಿಲ್ಲೆಯಲ್ಲಿ ಇದೆ. ಜನ ಏನಂದ್ಕೊಳ್ತಾರೆ ಅಂದ್ರೆ ಹದಿನೇಳು ಆಗಿಲ್ಲ ಅಂದ್ಮೇಲೆ ಅರಣ್ಯವೇ ಅಲ್ಲ ಅಂತ. ತಪ್ಪು. ನಾಲ್ಕು ಆದ ದಿನದಿಂದಲೇ ಅಲ್ಲಿ ಹೊಸ ಹಕ್ಕು ಹುಟ್ಟೋದಿಲ್ಲ, ಹೊಸದಾಗಿ ಕಾಡು ಕಡಿದು ಸಾಗು ಮಾಡೋ ಹಾಗಿಲ್ಲ ಅಂತ ಸೆಕ್ಷನ್ 5 ಹೇಳ್ತದೆ. ಆದ್ರೆ ನಾಲ್ಕಕ್ಕಿಂತ ಹಿಂದೆಯೇ ನಿಮಗೆ ಹಕ್ಕು ಇದ್ದು, ವಿಚಾರಣೆ ಇನ್ನೂ ನಡೆದೇ ಇಲ್ಲ ಅಂದ್ರೆ, ಆ ವಿಚಾರಣೆ ಮುಂದೆ ಹಕ್ಕು ಕೇಳೋ ಅವಕಾಶ ಇನ್ನೂ ಇದೆ. ಇದು ದೊಡ್ಡ ವಿಷಯ, ಬಹಳ ಜನ ಇದನ್ನ ಬಳಸ್ಕೊಂಡೇ ಇಲ್ಲ. ಅರಣ್ಯ ವ್ಯವಸ್ಥಾಪನಾಧಿಕಾರಿ ಯಾರು ಅಂತ ಉಪವಿಭಾಗಾಧಿಕಾರಿ ಕಚೇರಿಯಲ್ಲಿ ಕೇಳಿ, ಲಿಖಿತ ಅರ್ಜಿ ಕೊಡಿ, ಸ್ವೀಕೃತಿ ತಗೊಳ್ಳಿ.

ಸಿ ಅಂಡ್ ಡಿ ಗಲಾಟೆ ಏನು?

ಕೃಷಿಗೆ ಯೋಗ್ಯ ಅಲ್ಲ ಅಂತ ಒಂದು ಕಾಲದಲ್ಲಿ ಕಂದಾಯ ಇಲಾಖೆ ವರ್ಗ ಮಾಡಿಟ್ಟ ಸರ್ಕಾರಿ ಜಮೀನು ಇದು. ಗಿಡ ನೆಟ್ಟು ಅರಣ್ಯ ಬೆಳೆಸ್ಲಿ ಅಂತ ಅರಣ್ಯ ಇಲಾಖೆಗೆ ಕೊಟ್ರು. ಕಾಗದದಲ್ಲಿ ಕೊಟ್ಟಾಯ್ತು, ಆದ್ರೆ ಹೋಗಿ ನೋಡಿದ್ರೆ ಅಲ್ಲಿ ಆಗ್ಲೇ ಕಾಫಿ, ಏಲಕ್ಕಿ, ಮೆಣಸು, ಮನೆ, ರಸ್ತೆ, ಕೆಲವು ಕಡೆ ಸ್ಮಶಾನ ಕೂಡ ಇತ್ತು. ಸೋಮವಾರಪೇಟೆ ಕಡೆ ರೈತರು ಬೀದಿಗೆ ಇಳಿದಿದ್ದು ಇದಕ್ಕೇ.

ನನ್ನ ಅಭಿಪ್ರಾಯ ಕೇಳಿದ್ರೆ ಇಲ್ಲಿ ತಪ್ಪು ಸಾಗು ಮಾಡಿದವನದ್ದಲ್ಲ. ಸ್ಥಳಕ್ಕೆ ಹೋಗದೆ, ಅಳತೆ ಮಾಡದೆ, ಯಾರಿದ್ದಾರೆ ಅಂತ ಕೇಳದೆ ಪಟ್ಟಿ ಕಳಿಸಿದ್ದು ಸರ್ಕಾರ, ಈಗ ಎರಡು ಇಲಾಖೆ ಒಬ್ರ ಮೇಲೊಬ್ರು ಹಾಕ್ತಾ ಇರೋವಾಗ ಮಧ್ಯೆ ಸಿಕ್ಕಿ ನರಳ್ತಿರೋದು ಎರಡು ಎಕರೆಯವನು. ಆದ್ರೂ ಕಾನೂನು ಪ್ರಕಾರ, ಒಮ್ಮೆ ಅರಣ್ಯ ಅಂತ ಅಧಿಸೂಚನೆಗೋ ದಾಖಲೆಗೋ ಸೇರಿದ್ರೆ ರಾಜ್ಯ ಸರ್ಕಾರ ಒಂದೇ ಮನಸ್ಸು ಮಾಡಿ ವಾಪಸ್ ತೆಗೆಯೋಕಾಗಲ್ಲ, 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಪ್ರಕಾರ ಕೇಂದ್ರದ ಒಪ್ಪಿಗೆ ಬೇಕು. ಸಭೆಯಲ್ಲಿ ಮಂತ್ರಿಗಳು "ಬಿಟ್ಟುಕೊಡ್ತೀವಿ" ಅಂದ್ರು ಅಂತ ಮಾತ್ರಕ್ಕೆ ನಿಶ್ಚಿಂತೆ ಮಾಡ್ಕೋಬೇಡಿ, ಆದೇಶದ ಪ್ರತಿ ಕೈಗೆ ಬರ್ಲಿ.

ಡೀಮ್ಡ್ ಫಾರೆಸ್ಟಿಂದ ನಮ್ಮೂರು ತೆಗೆದಿದ್ದಾರಂತೆ, ಹಾಗಾದ್ರೆ ಮುಗೀತಾ?

1996ರ ಡಿಸೆಂಬರ್ 12ಕ್ಕೆ ಗೋದವರ್ಮನ್ ಕೇಸಲ್ಲಿ ಸುಪ್ರೀಂ ಕೋರ್ಟು, ಅಧಿಸೂಚನೆ ಇಲ್ಲದಿದ್ರೂ ಕಾಡಿನ ಹಾಗೆ ಇರೋದು ಕಾಡೇ ಅಂತ ಹೇಳ್ತು, ಅಲ್ಲಿಂದ ಬಂದದ್ದು ಈ ಹೆಸರು. ಕರ್ನಾಟಕದಲ್ಲಿ ಮೊದಲು 9,94,881 ಹೆಕ್ಟೇರ್ ಪಟ್ಟಿ ಮಾಡಿದ್ರು, 2022ರಲ್ಲಿ ಅದನ್ನ 3,30,186 ಹೆಕ್ಟೇರಿಗೆ ಇಳಿಸಿದ್ರು. ಪಟ್ಟಿಯಿಂದ ಹೊರಗೆ ಬಂದ್ರೆ ಜಾಗ ನಿಮ್ಮದಾಯ್ತು ಅಂತ ಅಲ್ಲ, ಅದು ಮತ್ತೆ ಸರ್ಕಾರಿ ಪೈಸಾರಿಯೇ. ಮಂಜೂರಾತಿಗೆ ಅರ್ಜಿ ಹಾಕೋ ದಾರಿ ತೆರೀತದೆ ಅಷ್ಟೆ. ಅದೂ ಅಲ್ದೆ 2024ರ ಫೆಬ್ರವರಿ 19ಕ್ಕೆ ಸುಪ್ರೀಂ ಕೋರ್ಟು ಮಧ್ಯಂತರ ಆದೇಶದಲ್ಲಿ, ಸದ್ಯಕ್ಕೆ 1996ರ ಅರ್ಥವನ್ನೇ ಪಾಲಿಸಿ ಅಂತ ರಾಜ್ಯಗಳಿಗೆ ಹೇಳಿದೆ.

64ಎ ನೋಟಿಸು ಬಂದಿದೆ, ಈಗ ಏನ್ ಮಾಡೋದು?

ಮೊದಲ ಮಾತು, ನೋಟಿಸು ತಗೊಳ್ಳಿ. ತಗೊಳ್ಳದೆ ಬಾಗಿಲು ಹಾಕ್ಕೊಂಡ್ರೆ ಬಾಗಿಲಿಗೆ ಅಂಟಿಸಿ ಫೋಟೋ ತೆಗೆದು ಹೋಗ್ತಾರೆ, ಆಮೇಲೆ "ಜಾರಿ ಆಗಿದೆ, ಹಾಜರಾಗಿಲ್ಲ" ಅಂತ ಆದೇಶ ಆಗಿಬಿಡ್ತದೆ.

ಕರ್ನಾಟಕ ಅರಣ್ಯ ಕಾಯ್ದೆಯ 64ಎ ಅಂದ್ರೆ ಅರಣ್ಯ ಜಾಗದಲ್ಲಿ ಅನಧಿಕೃತವಾಗಿ ಇದ್ದೀರಿ ಅಂತ ಎಸಿಎಫ್ (ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ) ದರ್ಜೆಗಿಂತ ಕಡಿಮೆ ಇಲ್ಲದ ಅಧಿಕಾರಿ ಸಿವಿಲ್ ಕೋರ್ಟಿಗೆ ಹೋಗದೆಯೇ ತೆರವು ಆದೇಶ ಮಾಡೋ ಅಧಿಕಾರ. ಬೆಳೆ, ಗಿಡ, ಕಟ್ಟಡ ಎಲ್ಲ ಮುಟ್ಟುಗೋಲು ಹಾಕ್ಕೊಳ್ಳೋಕೂ ಆಗ್ತದೆ. ಇಷ್ಟು ದೊಡ್ಡ ಅಧಿಕಾರಕ್ಕೆ ಕಾಯ್ದೆಯಲ್ಲೇ ಒಂದು ಕಟ್ಟು ಇದೆ, ತೆರವು ಮಾಡೋಕೆ ಮೊದಲು ನಿಮ್ಮ ಮಾತು ಕೇಳೋಕೆ ಸರಿಯಾದ ಅವಕಾಶ ಕೊಡ್ಲೇಬೇಕು. ಆರ್‌ಎಫ್‌ಓ (ವಲಯ ಅರಣ್ಯಾಧಿಕಾರಿ) ಬಂದು ಬಾಯಲ್ಲಿ "ನಾಳೆ ಖಾಲಿ ಮಾಡಿ" ಅನ್ನೋದು ಆದೇಶ ಅಲ್ಲ.

ಉತ್ತರದಲ್ಲಿ ಏನು ಬರೀಬೇಕು ಅಂದ್ರೆ, ಯಾವ ಅಧಿಸೂಚನೆ ಮೇಲೆ ಇದು ಅರಣ್ಯ ಅಂತ ಹೇಳ್ತಿದ್ದೀರಿ ಪ್ರತಿ ಕೊಡಿ, ಯಾವ ಸರ್ವೆ ಸ್ಕೆಚ್ ಪ್ರಕಾರ ನಾನು ಒಳಗಿದ್ದೇನೆ ಪ್ರತಿ ಕೊಡಿ, ಜಂಟಿ ಸರ್ವೆ ಆಗಿಲ್ಲದಿದ್ರೆ ಮೊದಲು ಅದು ಆಗ್ಲಿ, ನನ್ನ ಇಂಥಾ ಅರ್ಜಿ ಇಂಥಾ ಕಚೇರಿಯಲ್ಲಿ ಬಾಕಿ ಇದೆ, ನನ್ನ ದಾಖಲೆ ಇವು ಅಂತ ಪಟ್ಟಿ ಮಾಡಿ. "ಬಡವ, ದಯೆ ತೋರಿ" ಅಂತ ಮಾತ್ರ ಬರೆದು ಕೊಡ್ಬೇಡಿ, ಅದು ಒತ್ತುವರಿ ಒಪ್ಕೊಂಡ ಹಾಗೆ ಓದಿಸ್ಕೊಳ್ತದೆ. ಪಕ್ಕದ ತೋಟದ ರೈಟರ್ (ಲೆಕ್ಕ ಬರೆಯೋನು) ಬರೆದುಕೊಟ್ಟ ಇಂಥಾ ಪತ್ರಗಳಿಂದಲೇ ಕೇಸು ಹಾಳಾಗಿರೋದು ನೋಡಿದ್ದೇನೆ, ಬೇಜಾರಾಗ್ತದೆ. ಎರಡು ಪ್ರತಿ ಮಾಡಿ, ಒಂದಕ್ಕೆ ಸೀಲು ಹಾಕಿಸ್ಕೊಂಡು ಬನ್ನಿ.

ಆದೇಶ ವಿರುದ್ಧ ಬಂದ್ರೆ ಇಲಾಖೆಯ ಮೇಲಿನ ಅಧಿಕಾರಿಗೆ ಮೇಲ್ಮನವಿ ಇದೆ. ಗಡುವು ಇರ್ತದೆ, ಆದೇಶ ಕೈಗೆ ಸಿಕ್ಕ ದಿನವೇ ವಕೀಲರಿಗೆ ತೋರಿಸಿ, ಮೇಲ್ಮನವಿ ಜೊತೆಗೆ ತಡೆಯಾಜ್ಞೆ ಅರ್ಜಿಯೂ ಹಾಕಿಸಿ. ಬರೀ ಮೇಲ್ಮನವಿ ಹಾಕಿದ್ರೆ ತೆರವು ನಿಲ್ಲೋದಿಲ್ಲ.

ಮೂವತ್ತು ವರ್ಷಕ್ಕಿಂತ ಜಾಸ್ತಿ ಸ್ವಾಧೀನದಲ್ಲಿದ್ದೇವೆ, ಜಾಗ ನಮ್ಮದೇ ಆಗಲ್ವಾ?

ಸರ್ಕಾರದ ವಿರುದ್ಧ ಪ್ರತಿಕೂಲ ಸ್ವಾಧೀನ ಹೇಳೋಕೆ 30 ವರ್ಷ ಅನ್ನೋದು ಲಿಮಿಟೇಷನ್ ಕಾಯ್ದೆಯಿಂದ ಬಂದ ಲೆಕ್ಕ, ಅದನ್ನೇ ಹಿಡ್ಕೊಂಡು ಎಷ್ಟೋ ಜನ ಧೈರ್ಯವಾಗಿ ಕೂತಿದ್ದಾರೆ. ಅರಣ್ಯದಲ್ಲಿ ಇದು ನಡೆಯೋದು ಬಹಳ ಕಷ್ಟ. ಸೆಕ್ಷನ್ 4 ಆದ್ಮೇಲೆ ಅಲ್ಲಿ ಹಕ್ಕು ಬರೋದಕ್ಕೇ ಕಾಯ್ದೆ ಅಡ್ಡ ಇದೆ. ಇನ್ನೊಂದು, ಒಂದು ಕಡೆ ಮಂಜೂರು ಮಾಡಿ ಅಂತ ಫಾರಂ ಹಾಕಿ, ಇನ್ನೊಂದು ಕಡೆ ಸರ್ಕಾರದ ವಿರುದ್ಧವಾಗಿ ನನ್ನದೇ ಅಂತ ಇದ್ದೆ ಅಂದ್ರೆ ಎರಡೂ ಕೂಡೋದಿಲ್ಲ, ಅರ್ಜಿ ಹಾಕಿದ್ದೇ ಸರ್ಕಾರ ಮಾಲೀಕ ಅಂತ ಒಪ್ಕೊಂಡ ಹಾಗೆ ಅಂತ ಎದುರು ವಕೀಲರು ಹೇಳ್ತಾರೆ.

ಫಾರಂ 57 ಹಾಕಿದ್ದೇನೆ, ಕಾಫಿ ಲೀಸಿಗೂ ಹಾಕ್ಬಹುದಂತೆ, ಅದು ಸಿಕ್ರೆ ಅರಣ್ಯದವ್ರು ಬಿಡ್ತಾರಾ?

ಫಾರಂ 50, 53, 57 ಮೂರೂ ಬಗರ್ ಹುಕುಂ (ಸರ್ಕಾರಿ ಜಮೀನಿನ ಅನಧಿಕೃತ ಸಾಗುವಳಿ ಸಕ್ರಮ ಮಾಡಿ ಅನ್ನೋ) ಅರ್ಜಿಗಳು, ಭೂಕಂದಾಯ ಕಾಯ್ದೆ ಕೆಳಗೆ ಬರೋದು, ಕಂದಾಯ ಜಮೀನಿಗೆ ಮಾತ್ರ. 57ಕ್ಕೆ 2005ರ ಜನವರಿ 1ಕ್ಕಿಂತ ಹಿಂದಿನ ಸಾಗುವಳಿ ಇರ್ಬೇಕು. ಕೊಡಗು, ಚಿಕ್ಕಮಗಳೂರು, ಹಾಸನದ ಕಡೆ ಪ್ಲಾಂಟೇಷನ್ ಬೆಳೆ ಇರೋ ಒತ್ತುವರಿ ಜಮೀನನ್ನ 25 ಎಕರೆವರೆಗೆ 30 ವರ್ಷಕ್ಕೆ ಲೀಸಿಗೆ ಕೊಡೋ ಕಾನೂನೂ ಅದೇ 2005ರ ಗಡುವಿನ ಮೇಲೆ ನಿಂತಿದೆ. ಇವ್ಯಾವುದೂ ಅರಣ್ಯ ಜಮೀನಿಗೆ ನಡೆಯೋದಿಲ್ಲ. ಅರ್ಜಿ ತಗೊಳ್ಳೋವಾಗ ಯಾರೂ ಹೇಳಲ್ಲ, ವಿಲೇ ಮಾಡೋವಾಗ "ಅರಣ್ಯ" ಅಂತ ಒಂದೇ ಪದದಲ್ಲಿ ವಜಾ ಮಾಡ್ತಾರೆ. ವಜಾ ಆದ್ರೆ ಸುಮ್ನಿರಬೇಡಿ, ಯಾವ ದಾಖಲೆ ಮೇಲೆ ಅರಣ್ಯ ಅಂದ್ರಿ ಅಂತ ಪ್ರತಿ ಕೇಳಿ.

25 ಎಕರೆ ಲೀಸಿನ ಬಗ್ಗೆ ಒಂದು ಮಾತು ಹೇಳ್ಲೇಬೇಕು. ಇಪ್ಪತ್ತೈದು ಎಕರೆ ಒತ್ತುವರಿ ಮಾಡಿದವನಿಗೆ ಲೀಸು, ಮೂರು ಸೆಂಟಲ್ಲಿ ಗುಡಿಸಲು ಹಾಕಿದ ಆದಿವಾಸಿ ಎರವರ ಕುಟುಂಬಕ್ಕೆ ತೆರವು ನೋಟಿಸು ಅಂದ್ರೆ ಅದು ನ್ಯಾಯ ಅಲ್ಲ.

ಮನೆಗೆ ಕರೆಂಟಿದೆ, ಪಂಚಾಯ್ತಿ ಕಂದಾಯ ಕಟ್ತೇವೆ, ರೇಷನ್ ಕಾರ್ಡಿದೆ. ಸಾಲಲ್ವಾ?

ಹಕ್ಕು ಕೊಡೋಕೆ ಸಾಲಲ್ಲ. ನೀವು ಅಲ್ಲಿ ಇದ್ದಿದ್ದಕ್ಕೆ ಸಾಕ್ಷಿಯಾಗಿ ಒಳ್ಳೇದು, ಹಳೇದಾದಷ್ಟೂ ಒಳ್ಳೇದು. ಮಕ್ಕಳ ಶಾಲೆ ದಾಖಲಾತಿ, ಹಳೇ ವೋಟರ್ ಲಿಸ್ಟು, ಮೊದಲ ಕರೆಂಟ್ ಬಿಲ್ಲು, ಅರಣ್ಯ ಇಲಾಖೆಯವರೇ ಹಿಂದೆ ಹಾಕಿದ ಕೇಸಿನ ಕಾಗದ ಕೂಡ ಎತ್ತಿಡಿ. ಆ ಕೇಸಿನ ಕಾಗದದಲ್ಲಿ ತಾರೀಕು ಇರ್ತದೆ, ಆ ದಿನ ನೀವು ಅಲ್ಲಿದ್ರಿ ಅನ್ನೋದಕ್ಕೆ ಇಲಾಖೆಯೇ ಬರೆದುಕೊಟ್ಟ ಸಾಕ್ಷಿ ಅದು.

ಮೂರು ಎಕರೆ ಒಳಗಿದ್ರೆ ಮುಟ್ಟಲ್ಲ ಅಂತಾರೆ, 1978 ಅಂತಾರೆ, 2015 ಅಂತಾರೆ. ಯಾವುದು ಸರಿ?

ಮೂರೂ ಬೇರೆ ಬೇರೆ. 1978ರ ಏಪ್ರಿಲ್ 27 ಅನ್ನೋದು ಹಳೇ ಅರಣ್ಯ ಒತ್ತುವರಿ ಸಕ್ರಮಕ್ಕೆ ಇಟ್ಟ ಗಡುವು, ಅದಕ್ಕಿಂತ ಹಿಂದಿನ ಸಣ್ಣ ಒತ್ತುವರಿಗಳಿಗೆ ಕೇಂದ್ರದ ಒಪ್ಪಿಗೆ 1996ರಲ್ಲಿ ಬಂತು. ಮೂರು ಎಕರೆ ಒಳಗಿನವರನ್ನ ಸದ್ಯ ಎಬ್ಬಿಸಲ್ಲ ಅನ್ನೋದು ಸರ್ಕಾರದ ಧೋರಣೆ, ಹಕ್ಕುಪತ್ರ ಅಲ್ಲ, ನಾಳೆ ಬದಲಾಗ್ಬಹುದು. 2015 ಅನ್ನೋದು ವಯನಾಡು ಭೂಕುಸಿತ ಆದ್ಮೇಲೆ, 2024ರ ಆಗಸ್ಟಲ್ಲಿ, ಪಶ್ಚಿಮ ಘಟ್ಟದಲ್ಲಿ 2015ರ ನಂತರದ ಒತ್ತುವರಿ ತೆರವು ಮಾಡಿ ಅಂತ ಅರಣ್ಯ ಸಚಿವ ಈಶ್ವರ ಖಂಡ್ರೆ ಸೂಚನೆ ಕೊಟ್ಟಾಗ ಬಂದದ್ದು. 2018ರಲ್ಲಿ ಮಕ್ಕಂದೂರು, ಜೋಡುಪಾಲ ಕಡೆ ಗುಡ್ಡ ಕುಸಿದಿದ್ದನ್ನ ಕಣ್ಣಾರೆ ಕಂಡ ಜಿಲ್ಲೆ ನಮ್ಮದು, ಇಳಿಜಾರಲ್ಲಿ ಹೊಸದಾಗಿ ಕಾಡು ಬಗೆಯೋದನ್ನ ಯಾರೂ ಸಮರ್ಥಿಸ್ಕೊಳ್ಳೋಕಾಗಲ್ಲ.

ನಾವು ಹಾಡಿಯವರು (ಕಾಡಿನ ಆದಿವಾಸಿ ಊರಿನವರು), ಜೇನು ಕುರುಬರು. ನಮಗೆ ಯಾವ ಕಾಯ್ದೆ?

ನಿಮಗೆ 2006ರ ಅರಣ್ಯ ಹಕ್ಕು ಕಾಯ್ದೆ. ಈ ಪುಟದಲ್ಲಿ ಇದೊಂದು ಉತ್ತರವನ್ನ ಹಾಡಿಯಲ್ಲಿ ಕೂತು ಓದಿ ಹೇಳಿ ಅಂತ ಕೇಳ್ಕೊಳ್ತೇನೆ.

ಜೇನು ಕುರುಬ, ಬೆಟ್ಟ ಕುರುಬ, ಎರವ, ಕುಡಿಯ, ಸೋಲಿಗ, ಹೀಗೆ ಕಾಡನ್ನೇ ನಂಬಿ ಇರೋ ಪರಿಶಿಷ್ಟ ಪಂಗಡದವರು 2005ರ ಡಿಸೆಂಬರ್ 13ಕ್ಕಿಂತ ಮೊದಲಿಂದ ಅರಣ್ಯ ಜಾಗದಲ್ಲಿ ವಾಸ ಇದ್ರೆ ಅಥವಾ ಸಾಗು ಮಾಡ್ತಿದ್ರೆ, ಸ್ವಾಧೀನದಲ್ಲಿ ಇರೋವಷ್ಟು, ಗರಿಷ್ಠ 4 ಹೆಕ್ಟೇರ್ ವರೆಗೆ ಹಕ್ಕು ಸಿಗ್ತದೆ. ಗಂಡ ಹೆಂಡತಿ ಇಬ್ಬರ ಹೆಸರಲ್ಲೂ ಹಕ್ಕುಪತ್ರ, ಮಕ್ಕಳಿಗೆ ಬರ್ತದೆ, ಮಾರೋ ಹಾಗಿಲ್ಲ. ಇದ್ರ ಜೊತೆ ಜೇನು, ಸೀಗೆ, ಸೌದೆ, ಮೀನು ಇವಕ್ಕೆ ಸಮುದಾಯ ಹಕ್ಕು ಬೇರೆ, ಕಾಡನ್ನ ಕಾಪಾಡ್ಕೊಂಡು ನೋಡ್ಕೊಳ್ಳೋ ಹಕ್ಕು ಇನ್ನೂ ಬೇರೆ. ಬರೀ ಜಮೀನಿಗೆ ಅರ್ಜಿ ಹಾಕಿ ಸುಮ್ನಾಗ್ಬೇಡಿ.

ಅರ್ಜಿ ಹೋಗೋದು ಗ್ರಾಮಸಭೆಗೆ. ಹಾಡಿಯ ಸಭೆಯೇ ಗ್ರಾಮಸಭೆ ಆಗ್ಬಹುದು, ಪಂಚಾಯ್ತಿ ಮಟ್ಟದ ದೊಡ್ಡ ಸಭೆಯಲ್ಲಿ ನಿಮ್ಮ ವಿಷಯ ಕೊನೆ ಐದು ನಿಮಿಷಕ್ಕೆ ತಳ್ಳೋಕೆ ಬಿಡಬೇಡಿ. ಸಭೆಗೆ ಅರ್ಧದಷ್ಟು ಜನ ಬರ್ಬೇಕು, ಬಂದವರಲ್ಲಿ ಮೂರನೇ ಒಂದು ಭಾಗ ಹೆಂಗಸರಿರ್ಬೇಕು. ಅರಣ್ಯ ಹಕ್ಕು ಸಮಿತಿ ಅರ್ಜಿ ತಗೊಂಡು ಸ್ವೀಕೃತಿ ಕೊಡ್ಬೇಕು, ಸ್ಥಳ ನೋಡ್ಬೇಕು, ಅಲ್ಲಿಂದ ಉಪವಿಭಾಗ ಸಮಿತಿ, ಜಿಲ್ಲಾ ಸಮಿತಿ. ಗ್ರಾಮಸಭೆ ನಿರ್ಣಯದ ಮೇಲೆ ಉಪವಿಭಾಗ ಸಮಿತಿಗೆ, ಅದ್ರ ತೀರ್ಮಾನದ ಮೇಲೆ ಜಿಲ್ಲಾ ಸಮಿತಿಗೆ, 60 ದಿನದಲ್ಲಿ ಮನವಿ ಹಾಕ್ಬಹುದು.

ಸಾಕ್ಷಿ ಏನು ಅಂತ ಹೆದರ್ತಾರೆ. ನಿಯಮದಲ್ಲಿ ಎರಡು ಥರದ ಸಾಕ್ಷಿ ಇದ್ರೆ ಸಾಕು, ಕಾಗದವೇ ಆಗ್ಬೇಕಂತ ಇಲ್ಲ. ಹಿರಿಯರ ಹೇಳಿಕೆಯನ್ನ ಬರೆದಿಟ್ರೆ ಅದು ಸಾಕ್ಷಿ. ಸತ್ತವರನ್ನ ಹೂತ ಜಾಗ, ದೇವರ ಕಲ್ಲು, ಹಳೇ ಬಾವಿ, ಕಟ್ಟಿದ ಏರಿ, ಮಟ್ಟ ಮಾಡಿದ ನೆಲ, ವಂಶಾವಳಿ, ಇವೆಲ್ಲ ನಿಯಮದಲ್ಲೇ ಬರೆದಿರೋ ಸಾಕ್ಷಿಗಳು. ಉಪಗ್ರಹ ಚಿತ್ರದಲ್ಲಿ ಕಾಣಲ್ಲ ಅಂತ ಅಷ್ಟಕ್ಕೇ ತಿರಸ್ಕರಿಸೋ ಹಾಗಿಲ್ಲ, ಅದು ಬೇರೆ ಸಾಕ್ಷಿಗೆ ಪೂರಕ ಮಾತ್ರ ಅಂತ 2012ರ ತಿದ್ದುಪಡಿ ಹೇಳ್ತದೆ. ದೊಡ್ಡ ಮರದ ನೆರಳಲ್ಲಿರೋ ಗುಡಿಸಲು ಮೇಲಿಂದ ಹೇಗೆ ಕಾಣ್ತದೆ ಹೇಳಿ.

ಇನ್ನು ಎಬ್ಬಿಸೋ ವಿಷಯ. ಪರಿಶೀಲನೆ ಮುಗಿಯೋ ತನಕ ಎಬ್ಬಿಸೋ ಹಾಗಿಲ್ಲ ಅಂತ ಇದೇ ಅರಣ್ಯ ಹಕ್ಕು ಕಾಯ್ದೆಯ ಸೆಕ್ಷನ್ 4(5) ಇದೆ. 2019ರ ಫೆಬ್ರವರಿ 13ಕ್ಕೆ ಸುಪ್ರೀಂ ಕೋರ್ಟು ತಿರಸ್ಕೃತ ಅರ್ಜಿದಾರರನ್ನ ತೆರವು ಮಾಡಿ ಅಂದಿತ್ತು, ಅದೇ ತಿಂಗಳ 28ಕ್ಕೆ ಅದಕ್ಕೆ ತಾನೇ ತಡೆ ಕೊಟ್ಟಿತು. ಇಷ್ಟಿದ್ರೂ ನಮ್ಮ ಜಿಲ್ಲೆಯಲ್ಲಿ ಆಗಿದ್ದೇನು ಅಂತ ಎಲ್ರಿಗೂ ಗೊತ್ತು. 2016ರ ಡಿಸೆಂಬರ್‌ನಲ್ಲಿ ಸಿದ್ದಾಪುರ ಹತ್ರ ದಿಡ್ಡಳ್ಳಿಯಲ್ಲಿ ಐನೂರಕ್ಕೂ ಹೆಚ್ಚು ಕುಟುಂಬದ ಗುಡಿಸಲು ಕೆಡವಿದ್ರು, ಚಳಿಯಲ್ಲಿ ಮಕ್ಕಳ ಸಮೇತ ಬಯಲಲ್ಲಿ ಕೂತ್ರು. ಅವರಲ್ಲಿ ಬಹಳ ಜನ ತೋಟದ ಲೈನ್ ಮನೆಯಿಂದ (ಕೂಲಿಯವರ ಸಾಲು ಮನೆಯಿಂದ) ಬಂದವರು, ತಲೆಮಾರುಗಟ್ಟಲೆ ಬೇರೆಯವರ ಕಾಫಿ ಕುಯ್ದು ಸ್ವಂತಕ್ಕೆ ಒಂದು ಒಲೆ ಹೂಡೋ ಜಾಗ ಇಲ್ಲದವರು. ದೊಡ್ಡ ಹೋರಾಟ ಆದ್ಮೇಲೆ ಬಸವನಹಳ್ಳಿ, ಬ್ಯಾಡಗೊಟ್ಟದಲ್ಲಿ ಜಾಗ ಕೊಟ್ರು.

ಹಾಡಿ ನಾಗರಹೊಳೆ ಒಳಗಿದೆ. ಹುಲಿ ಸಂರಕ್ಷಿತ ಪ್ರದೇಶದಲ್ಲೂ ಹಕ್ಕು ಕೇಳ್ಬಹುದಾ?

ಕೇಳ್ಬಹುದು. ಅರಣ್ಯ ಹಕ್ಕು ಕಾಯ್ದೆ ರಾಷ್ಟ್ರೀಯ ಉದ್ಯಾನ, ಅಭಯಾರಣ್ಯಕ್ಕೂ ಅನ್ವಯ ಆಗ್ತದೆ, ಬ್ರಹ್ಮಗಿರಿ, ಪುಷ್ಪಗಿರಿ, ತಲಕಾವೇರಿಗೂ ಸೇರಿ. ಸ್ಥಳಾಂತರ ಮಾಡ್ಬೇಕಂದ್ರೆ ಮೊದಲು ಹಕ್ಕು ಗುರುತಿಸಿ, ಆಮೇಲೆ ಗ್ರಾಮಸಭೆ ಒಪ್ಪಿಗೆ ಲಿಖಿತದಲ್ಲಿ ತಗೋಬೇಕು. 2025ರ ಮೇ 5ಕ್ಕೆ ನಾಗರಹೊಳೆಯ ಕರಡಿಕಲ್ಲು ಅತ್ತೂರು ಕೊಲ್ಲಿ ಹಾಡಿಗೆ ಜೇನು ಕುರುಬ ಕುಟುಂಬಗಳು ವಾಪಸ್ ಹೋಗಿ ಗುಡಿಸಲು ಹಾಕಿದ್ದು, ಇಲಾಖೆ ಅದನ್ನ ವಿರೋಧಿಸಿದ್ದು ಈ ಹಕ್ಕಿನ ಜಗಳವೇ.

ಆದ್ರೆ ಹಾಡಿಯವರಲ್ಲದವರಿಗೆ ಒಂದು ಎಚ್ಚರಿಕೆ. ಅಭಯಾರಣ್ಯದ ಒಳಗೆ ಏಲಕ್ಕಿಯೋ ಕಾಫಿಯೋ ಹಾಕಿದ್ರೆ 64ಎ ಜೊತೆ ವನ್ಯಜೀವಿ ಕಾಯ್ದೆಯ 34ಎ ಕೂಡ ಇದೆ, ಅಲ್ಲಿ ಇನ್ನೂ ಬಿಗಿ.

ನಾವು ಆದಿವಾಸಿ ಅಲ್ಲ, ಕಾಡಂಚಲ್ಲಿ ತಲೆಮಾರಿಂದ ಇದ್ದೇವೆ. ನಮಗೂ ಬರ್ತದಾ?

ಇತರೆ ಪಾರಂಪರಿಕ ಅರಣ್ಯವಾಸಿಗಳು ಅಂತ ಬರ್ತದೆ, ಆದ್ರೆ ಮೂರು ತಲೆಮಾರು, ಅಂದ್ರೆ 2005ರ ಡಿಸೆಂಬರ್ 13ಕ್ಕೆ ಹಿಂದಿನ 75 ವರ್ಷ ಕಾಡನ್ನ ನಂಬಿ ಅಲ್ಲಿ ವಾಸ ಇದ್ದದ್ದು ತೋರಿಸ್ಬೇಕು. 75 ವರ್ಷ ಬೇಕಾಗಿರೋದು ವಾಸಕ್ಕೆ, ಆ ತುಂಡು ಜಮೀನಿನ ಸ್ವಾಧೀನಕ್ಕಲ್ಲ, ಇದನ್ನ ತಪ್ಪಾಗಿ ಓದಿ ವಜಾ ಮಾಡಿದ್ರೆ ಮೇಲ್ಮನವಿ ಹಾಕಿ. ಪೇಟೆಯಲ್ಲಿ ಮನೆ, ವ್ಯಾಪಾರ ಇಟ್ಕೊಂಡು ಕಾಡಂಚಲ್ಲಿ ತೋಟ ಇರೋರಿಗೆ ಇದು ಅಲ್ಲ.

ತಹಶೀಲ್ದಾರರೇ ಸಾಗುವಳಿ ಚೀಟಿ ಕೊಟ್ಟಿದ್ದಾರೆ, ಈಗ ಅರಣ್ಯದವ್ರು ರದ್ದು ಅಂತಾರೆ?

ಚೀಟಿ ಕೊಟ್ಟ ದಿನಕ್ಕೆ ಆ ಜಾಗ ಅರಣ್ಯ ಅಂತ ಅಧಿಸೂಚನೆ ಆಗಿತ್ತಾ ನೋಡಿ. ಆಗಿರದಿದ್ರೆ ನಿಮ್ಮ ಕೈ ಗಟ್ಟಿ. ಆಗಿದ್ರೆ ಕಷ್ಟ, ಕಂದಾಯ ಇಲಾಖೆಗೆ ಕೊಡೋ ಅಧಿಕಾರವೇ ಇರಲಿಲ್ಲ ಅಂತ ಹೇಳ್ತಾರೆ. 2025ರ ಮೇ 15ಕ್ಕೆ ಸುಪ್ರೀಂ ಕೋರ್ಟು ಎಲ್ಲ ರಾಜ್ಯಕ್ಕೂ, ಕಂದಾಯ ಇಲಾಖೆ ಹತ್ರ ಉಳಿದು ಬೇರೆಯವರಿಗೆ ಹಂಚಿಕೆಯಾದ ಮೀಸಲು ಅರಣ್ಯ ಪತ್ತೆ ಮಾಡೋಕೆ ವಿಶೇಷ ತನಿಖಾ ತಂಡ ಮಾಡಿ ಅಂತ ಹೇಳಿದೆ, ಹಾಗಾಗಿ ಇಂಥಾ ಕಡತಗಳು ಮತ್ತೆ ಮೇಲೆ ಬರ್ತವೆ. ಮಂಜೂರಾತಿ ಕಡತದ ಪೂರ್ತಿ ದೃಢೀಕೃತ ನಕಲು ಈಗ್ಲೇ ತೆಗೆದಿಡಿ. ನಾಳೆ ಕೇಳಿದ್ರೆ "ಕಡತ ಲಭ್ಯವಿಲ್ಲ" ಅಂತಾರೆ.

ಮಂಜೂರಾತಿ ಆದೇಶ ಇಲ್ಲದೆ ಬರೀ ಚೀಟಿ ಇದ್ರೆ, ಅಥವಾ ಚೀಟಿ ಇದ್ದು ಕಿಮ್ಮತ್ತು ಕಟ್ಟಿದ ರಸೀದಿ ಇಲ್ಲದಿದ್ರೆ ಅದನ್ನೂ ವಕೀಲರಿಗೆ ಮೊದಲೇ ಹೇಳಿ, ಮುಚ್ಚಿಡಬೇಡಿ.

ದೇವರಕಾಡಿನ ಪಕ್ಕ ನಮ್ಮ ತೋಟ. ದೇವಸ್ಥಾನ ಸಮಿತಿಯವ್ರೇ ಸ್ವಲ್ಪ ಜಾಗ ಬಿಟ್ಟುಕೊಟ್ಟಿದ್ರು.

ಸಮಿತಿಗೆ ಕೊಡೋ ಅಧಿಕಾರ ಇಲ್ಲ. ಕೊಡಗಲ್ಲಿ ಸಾವಿರದ ಇನ್ನೂರಕ್ಕೂ ಹೆಚ್ಚು ದೇವರಕಾಡು ದಾಖಲೆಯಲ್ಲಿದೆ. 1905ರಲ್ಲಿ ಕಂದಾಯ ಇಲಾಖೆ ಕೈಗೆ ಹೋಗಿ, 1985ರಲ್ಲಿ ವಾಪಸ್ ಅರಣ್ಯಕ್ಕೆ ಬರೋವಷ್ಟರಲ್ಲಿ ಬಹಳಷ್ಟು ಕರಗಿಹೋಗಿತ್ತು, ಸುತ್ತಲ ತೋಟಗಳು ವರ್ಷಕ್ಕೆ ಒಂದೊಂದು ಸಾಲು ಕಾಫಿ ಗಿಡದ ಹಾಗೆ ಒಳಗೆ ಬಂದವು. ಇಲ್ಲಿ ನಾನು ಒತ್ತುವರಿದಾರರ ಪರ ಒಂದು ಮಾತೂ ಹೇಳಲ್ಲ. ಅಯ್ಯಪ್ಪನ ಹೆಸರಲ್ಲಿ ಹರಕೆ ಕಟ್ಟೋ ಊರಿನವರೇ ಅಯ್ಯಪ್ಪನ ಕಾಡು ಕಡಿದ್ರೆ ಯಾರಿಗೆ ದೂರು ಕೊಡೋದು. ಬಿಟ್ಟುಕೊಡಿ, ಗಡಿಗೆ ಕಲ್ಲು ನೆಡಿಸಿ.

ಕೇಸು ನಡೀತಿರೋವಾಗ ಕಾಫಿ ಕುಯ್ಯಬಹುದಾ, ಮರ ಕಸಿ (ನೆರಳಿನ ಕೊಂಬೆ ಕಡಿಯೋದು) ಮಾಡ್ಬಹುದಾ?

ಮರಕ್ಕೆ ಕೈ ಹಾಕ್ಬೇಡಿ, ಸಿಲ್ವರ್ ಓಕ್ ಆದ್ರೂ ಸರಿ. ತಕರಾರಿನ ಜಾಗದಲ್ಲಿ ಒಂದು ಮರ ಬಿದ್ರೆ ಜಮೀನಿನ ಜಗಳ ಕ್ರಿಮಿನಲ್ ಕೇಸಾಗ್ತದೆ, ಗಾಡಿ, ಗರಗಸ ಎಲ್ಲ ಸೀಜ್ ಮಾಡ್ತಾರೆ, ಗಾಡಿ ಮುಟ್ಟುಗೋಲು ವಿಚಾರಣೆ ಕ್ರಿಮಿನಲ್ ಕೇಸಿಗಿಂತ ಬೇರೆಯಾಗಿ ನಡೀತದೆ, ಬಿಡಿಸ್ಕೊಳ್ಳೋಕೆ ತಿಂಗಳುಗಟ್ಟಲೆ ಓಡಾಡ್ಬೇಕು. ಕುಯ್ಲಿನ ವಿಷಯಕ್ಕೆ ತಡೆಯಾಜ್ಞೆಯಲ್ಲಿ ಏನು ಬರೆದಿದೆ ನೋಡಿ, ಯಥಾಸ್ಥಿತಿ ಅಂತ ಇದ್ರೆ ಕುಯ್ಲಿಗೆ ಅನುಮತಿ ಇದೆಯಾ ಅಂತ ವಕೀಲರಿಂದ ಸ್ಪಷ್ಟ ಮಾಡ್ಸಿ. ಹೊಸ ಗಿಡ, ಹೊಸ ಶೆಡ್ಡು, ಹೊಸ ಕಣ ಯಾವುದೂ ಬೇಡ.

ಸಿವಿಲ್ ಕೋರ್ಟಾ ಹೈಕೋರ್ಟಾ? ದುಡ್ಡಿಲ್ಲದಿದ್ರೆ?

ಸರ್ಕಾರದ ಮೇಲೆ ಸಿವಿಲ್ ದಾವೆ ಹಾಕೋಕೆ ಮೊದಲು ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 80ರಲ್ಲಿ ಎರಡು ತಿಂಗಳ ನೋಟಿಸು ಕೊಡ್ಬೇಕು, ತುರ್ತಿದ್ರೆ ಕೋರ್ಟಿನ ಅನುಮತಿ ತಗೊಂಡು ಮೊದಲೇ ಹಾಕ್ಬಹುದು. ವಿಚಾರಣೆ ಮಾಡದೆ ಕೆಡವೋಕೆ ಬಂದ್ರೆ, ಅರಣ್ಯ ಹಕ್ಕು ಅರ್ಜಿ ಬಾಕಿ ಇರೋವಾಗ ಎಬ್ಬಿಸಿದ್ರೆ ಹೈಕೋರ್ಟ್ ರಿಟ್ ಅರ್ಜಿ ಸರಿಯಾದ ದಾರಿ. ಗಡಿ ಎಲ್ಲಿ, ಅಳತೆ ಎಷ್ಟು ಅನ್ನೋ ಜಗಳಕ್ಕೆ ಹೈಕೋರ್ಟಿಗೆ ಓಡಿದ್ರೆ ಸಾಮಾನ್ಯವಾಗಿ ಕೆಳಗೆ ಹೋಗಿ ಸರ್ವೆ ಮಾಡ್ಸಿ ಅಂತ ವಾಪಸ್ ಕಳಿಸ್ತಾರೆ.

ಪರಿಶಿಷ್ಟ ಜಾತಿ, ಪಂಗಡದವರಿಗೆ, ಹೆಂಗಸರಿಗೆ ಆದಾಯ ಎಷ್ಟೇ ಇರ್ಲಿ ವಕೀಲರು ಉಚಿತ, ಮಡಿಕೇರಿಯ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಅರ್ಜಿ ಕೊಡಿ, ಇಲ್ಲಾಂದ್ರೆ 15100ಕ್ಕೆ ಫೋನ್ ಮಾಡಿ. ಹಾಡಿಯವರು ಐಟಿಡಿಪಿ (ಗಿರಿಜನ ಅಭಿವೃದ್ಧಿ ಯೋಜನೆ) ಕಚೇರಿಗೂ ಒಂದು ಪ್ರತಿ ಕೊಟ್ಟಿರಿ.

ಇಂಥಾ ಜಾಗ ಅಗ್ಗಕ್ಕೆ ಸಿಗ್ತಿದೆ, ಸ್ಟ್ಯಾಂಪ್ ಪೇಪರಲ್ಲಿ ಕರಾರು ಬರೆದುಕೊಡ್ತಾರಂತೆ. ತಗೊಳ್ಳಬಹುದಾ?

ಬೇಡ. ಅರಣ್ಯ ಜಾಗ ಆದ್ರೆ ಮಾರೋನಿಗೇ ಹಕ್ಕಿಲ್ಲ, ಅರಣ್ಯ ಹಕ್ಕುಪತ್ರದ ಜಾಗ ಆದ್ರೆ ಮಾರೋಕೇ ಬರೋದಿಲ್ಲ, ಬಗರ್ ಹುಕುಂ ಅರ್ಜಿ ಬಾಕಿ ಇರೋದಾದ್ರೆ ಸಾಗುವಳಿದಾರ ಬದಲಾದ ಅಂತ ಅರ್ಜಿಯೇ ಬಿದ್ದುಹೋಗ್ತದೆ. ಹಾಡಿಯವರ ಹತ್ರ ಐವತ್ತು ಸಾವಿರ ಕೊಟ್ಟು ಹೆಬ್ಬೆಟ್ಟು ಒತ್ತಿಸ್ಕೊಂಡು ಹೋಮ್‌ಸ್ಟೇ ಕಟ್ಟೋಕೆ ಹೊರಡೋರಿಗೆ ಇದನ್ನ ಮೊದಲೇ ಹೇಳ್ತಿದ್ದೇನೆ, ಆ ಕರಾರು ಯಾವ ಕೋರ್ಟಲ್ಲೂ ನಿಲ್ಲೋದಿಲ್ಲ. ಯಾರಾದ್ರೂ ನಿಮ್ಮ ಹಾಡಿಗೆ ಅಂಥಾ ಕಾಗದ ಹಿಡ್ಕೊಂಡು ಬಂದ್ರೆ ಸಹಿ ಹಾಕೋ ಮೊದಲು ಅದ್ರ ಫೋಟೋ ತೆಗೆದು ಕಾನೂನು ಸೇವಾ ಪ್ರಾಧಿಕಾರಕ್ಕೆ ತಗೊಂಡು ಹೋಗಿ ತೋರಿಸಿ.